ಮಂಗಳವಾರ ಹುಟ್ಟಿದವರು

ಹೊಳೆನರಸೀಪುರದಿಂದ ಹಾಸನಕ್ಕೆ ಹೊರಟ ಏಳೂಕಾಲರ ಬಸ್ಸಿನಲ್ಲಿ, ಮೂರನೆಯ ಸಾಲಿನ ಕಿಟಕಿಯ ಪಕ್ಕ ಕುಳಿತ ಕ್ವಾಬೆನಾ ತೊಡೆಯ ಮೇಲಿದ್ದ ನೀಲಿ ಪ್ಲಾಸ್ಟಿಕ್ ಕಡತವನ್ನು ಎರಡೂ ಅಂಗೈಗಳಿಂದ ಒತ್ತಿ ಹಿಡಿದಿದ್ದ. ಗಾಳಿಗೆ ಹಾರಿಹೋಗುವಷ್ಟು ಹಗುರವಾದ ವಸ್ತುವೇನೂ ಅದಾಗಿರಲಿಲ್ಲ. ಹದಿನಾರು ಹುಡುಗಿಯರ ಶಾಲಾ ದಾಖಲೆಗಳು, ಭಾವಚಿತ್ರಗಳು, ಎಲ್ಲಕ್ಕೂ ಕೆಳಗೆ ತರಬೇತುದಾರನಾಗಿ ಅವನೇ ತುಂಬಿ ರುಜು ಹಾಕಬೇಕಾಗಿದ್ದ ಒಂದು ಹಾಳೆ, ಇವೆಲ್ಲ ಸೇರಿ ಒಂದು ಹಸಿ ಇಟ್ಟಿಗೆಯಷ್ಟು ತೂಗುತ್ತಿದ್ದವು. ಆದರೂ ಕೈ ಸಡಿಲಿಸಿದರೆ ಆ ಹಾಳೆಗಳಲ್ಲೊಂದು ತಾನಾಗಿ ಎದ್ದು ಬಸ್ಸಿನವರೆಲ್ಲರ ಎದುರು ಮಾತಾಡಿಬಿಡುತ್ತದೆಂಬ ಅಂಜಿಕೆ ಅವನ ಬೆರಳುಗಳಲ್ಲಿತ್ತು. 'ಮೇಲ್ಕಂಡ ವಿವರಗಳನ್ನು ನಾನು ಖುದ್ದಾಗಿ ಪರಿಶೀಲಿಸಿದ್ದು ಅವು ಸತ್ಯವಾಗಿವೆ' ಎಂಬ ಸಾಲಿನ ಕೆಳಗೆ ಐದು ವರ್ಷ ನಿರಾತಂಕವಾಗಿ ರುಜು ಹಾಕಿದ ಬೆರಳುಗಳವು. ಇಂದು ಬೆಳಗ್ಗೆ ಹಲ್ಲುಜ್ಜುವಾಗ ಆ ಸಾಲಿನ ಕೊನೆಯ ಪದ ಮೀನಿನ ಮುಳ್ಳಿನಂತೆ ಗಂಟಲಲ್ಲಿ ಅಡ್ಡಲಾಗಿ ನಿಂತುಬಿಟ್ಟಿತ್ತು. ನೀರು ಕುಡಿದರೂ ಇಳಿಯಲಿಲ್ಲ.

ಘಾನಾ ದೇಶದ ಕುಮಾಸಿಯಲ್ಲಿ ಹುಟ್ಟಿ, ಕೋಲ್ಕತ್ತ, ಗೋವಾ, ಬೆಂಗಳೂರುಗಳ ಕ್ಲಬ್ಬುಗಳಿಗೆ ಎಂಟು ವರ್ಷ ಫುಟ್‌ಬಾಲ್ ಆಡಿ, ಮೊಣಕಾಲು ಕೈಕೊಟ್ಟ ಮೇಲೆ ಹೆಂಡತಿಯ ಊರಿಗೆ ಬಂದು ನೆಲೆಸಿ, ಹೇಮಾವತಿಯ ದಂಡೆಯ ಮೈದಾನದಲ್ಲಿ ಹೆಣ್ಣುಮಕ್ಕಳಿಗೆ ಆಟ ಕಲಿಸುತ್ತಿದ್ದ ಅವನನ್ನು ಜಿಲ್ಲೆಯವರು ಕಾಬಣ್ಣ ಎನ್ನುತ್ತಿದ್ದರು. ಇಂದು ಹಾಸನದ ಕ್ರೀಡಾಂಗಣದಲ್ಲಿ ಹದಿನಾಲ್ಕು ವರ್ಷದೊಳಗಿನ ಬಾಲಕಿಯರ ವಿಭಾಗಮಟ್ಟದ ಪಂದ್ಯ. ಒಂಬತ್ತಕ್ಕೆ ದಾಖಲೆಗಳ ಪರಿಶೀಲನೆ, ಹನ್ನೊಂದಕ್ಕೆ ಆಟ. ರಾಜ್ಯ ಕ್ರೀಡಾ ವಸತಿನಿಲಯದ ಆಯ್ಕೆದಾರರು ಬಂದು ಕೂರುತ್ತಾರೆ. ಅವರ ಕಣ್ಣಿಗೆ ಬಿದ್ದವಳ ಊಟ, ಓದು, ಆಟ ಮೂರೂ ಮುಂದಿನ ಕೆಲವು ವರ್ಷಗಳಿಗೆ ಭದ್ರ. ಯಾರು ಬೀಳುತ್ತಾರೆಂಬುದರಲ್ಲಿ ತಂಡದ ಯಾರಿಗೂ ಸಂಶಯವಿರಲಿಲ್ಲ. ಅರಕಲಗೂಡಿನ ಕಡೆಯ ಮೇಘಶ್ರೀ ಚೆಂಡನ್ನು ಪಾದಕ್ಕೆ ತೆಗೆದುಕೊಂಡರೆ ಎದುರಿನವರು ಅವಳಿಗೆ ದಾರಿ ಬಿಡುವುದನ್ನು ತಾವೇ ನಿರ್ಧರಿಸಿದ್ದೇವೆಂದು ಭ್ರಮಿಸುತ್ತಿದ್ದರು. ಅವಳಿಗೆ ಹದಿಮೂರೆಂದು ಕಾಗದ ಹೇಳುತ್ತಿತ್ತು. ಹದಿನೈದು ತುಂಬಿದೆಯೆಂಬುದು ಮೂರು ದಿನದ ಹಿಂದೆ ಕ್ವಾಬೆನಾನಿಗೂ ಅವನ ಮಾವನಿಗೂ ತಿಳಿದಿತ್ತು.

"ಆಧಾರ್ ಕಾರ್ಡ್ ತೋರ್ಸ್ರವ್ವ ಎಲ್ಲಾರೂವೆ," ಎನ್ನುತ್ತ ಕಂಡಕ್ಟರು ಹೆಂಗಸರ ಉಚಿತ ಟಿಕೀಟಿನ ಯಂತ್ರವನ್ನು ಎದೆಗೆ ಒತ್ತಿಕೊಂಡು ಬಂದ. ಹುಡುಗಿಯರು ಕಾರ್ಡುಗಳನ್ನು ಇಸ್ಪೀಟೆಲೆಗಳಂತೆ ಚಾಚಿದರು. ಅವನು ಒಂದನ್ನು ನೋಡಿದ, ಇನ್ನೊಂದನ್ನು ನೋಡಿದ, ಮೂರನೆಯದಕ್ಕೆ ಕನ್ನಡಕವನ್ನು ಹಣೆಗೇರಿಸಿದ. "ಇದೇನ್ ಟೀಚರೇ, ಈ ಮಗೀನೂ ಜೂನ್ ಒಂದು, ಆ ಮಗೀನೂ ಜೂನ್ ಒಂದು. ಆವತ್ತು ಒಂದಿನ ಎಷ್ಟ್ ಎರಿಗೆ ಆಗವೆ ನಿಮ್ ಕಡೆ?"

ತಂಡದ ಮೇಲ್ವಿಚಾರಕಿಯಾಗಿ ಬಂದಿದ್ದ ಚೂಡಾಮಣಿ ಟೀಚರು ನಗು ತಡೆದುಕೊಂಡು, "ಶಾಲೆಗೆ ಸೇರಿಸುವಾಗ ಹಾಗೆ ಬರೆದುಬಿಡ್ತಾರಪ್ಪ," ಎಂದರು.

"ನಂಗೊತ್ತಿಲ್ವಾ? ನಂದೂ ಜೂನ್ ಒಂದೇಯ. ನಮ್ಮವ್ವ ಎತ್ತಿದ್ದು ಯಾವತ್ತೋ. ಜೂನ್ ಒಂದಕ್ಕೆ ನಮ್ ಮೇಷ್ಟ್ರು ಇಡೀ ಊರ್ನೇ ಎತ್ತುಬುಟ್ರು!" ಬಸ್ಸೆಲ್ಲ ನಕ್ಕಿತು. ಕ್ವಾಬೆನಾನೂ ನಕ್ಕ, ನಗುವುದು ತಡವಾದರೆ ಕಾರಣ ಕೇಳುತ್ತಾರೆಂದು ಎಲ್ಲರಿಗಿಂತ ಮೊದಲೇ ನಕ್ಕ. ಕಂಡಕ್ಟರು ಅವನ ಕಡೆ ತಿರುಗಿದಾಗ, "ನಾನು ಎಂಗ್ಸಲ್ಲ ಕಣಣ್ಣ, ನಂಗೊಂದ್ ಟಿಕೀಟ್ ಕೊಡಿ," ಎಂದ. ಅವನ ಬಾಯಿಂದ ಆ ಮಾತು ಬರುವುದನ್ನು ಕಾಯುತ್ತಿದ್ದವರಂತೆ ಜನ ಮತ್ತೊಮ್ಮೆ ನಕ್ಕರು. ಹಿಂದಿನ ಸೀಟಿನ ಒಬ್ಬಾತ, ಅವನಿಗೆ ಕೇಳಿಸದೆಂಬ ಭರವಸೆಯಲ್ಲಿ, "ನಮಗಿಂತ ಚೆಂದಾಗ್ ಮಾತಾಡ್ತದಲ್ಲಾ ಇದು," ಎಂದ. 'ಇದು' ಎಂಬ ಪದ ಅವನಿಗೆ ಹೊಸದಲ್ಲ. ಮೈದಾನದ ಕನ್ನಡ ಕಲಿತವನಿಗೆ ಮೈದಾನದ ಸರ್ವನಾಮಗಳೂ ಬರುತ್ತವೆ.

ಅವನ ತಾಯ್ನಾಡಿನಲ್ಲಿ ಮಗು ಹುಟ್ಟಿದ ವಾರವೇ ಮಗುವಿನ ಮೊದಲ ಹೆಸರು. ತಂದೆ ಇಡುವ ಹೆಸರು ಆಮೇಲಿನದು, ಇಗರ್ಜಿಯಲ್ಲಿ ಪಾದ್ರಿ ಇಡುವುದು ಅದಕ್ಕೂ ಆಮೇಲಿನದು. ವಾರದ ಹೆಸರನ್ನು ಮಾತ್ರ ಯಾರೂ ಇಡುವುದಿಲ್ಲ, ಅದನ್ನು ಮಗುವೇ ಹೊತ್ತು ತರುತ್ತದೆ. ಮಂಗಳವಾರದ ಗಂಡು ಕ್ವಾಬೆನಾ, ಮಂಗಳವಾರದ ಹೆಣ್ಣು ಅಬೆನಾ, ಸೋಮವಾರದ ಗಂಡು ಕೋಜೋ. ಈ ಪದ್ಧತಿಯನ್ನು ಅವನು ಹೊಳೆನರಸೀಪುರದ ಮೈದಾನಕ್ಕೂ ತಂದಿದ್ದ. ಶಿಬಿರದ ಮೊದಲ ದಿನ ಪ್ರತಿಯೊಬ್ಬ ಹುಡುಗಿಯೂ ತಾನು ಹುಟ್ಟಿದ ವಾರವನ್ನು ಮನೆಯವರನ್ನು ಕೇಳಿಕೊಂಡು ಬರಬೇಕು. ಆಟದಲ್ಲಿ ಕೂಗುವುದು ಆ ವಾರದಿಂದಲೇ. ಜಾತಿಯನ್ನು ಬೆನ್ನಿಗೆ ಕಟ್ಟಿಕೊಂಡು ಬರುವ ಹೆಸರುಗಳಿಗಿಂತ ಇದು ನಿರಾಳವೆಂದು ಅವನಿಗೆ ಕಂಡಿತ್ತು. ಶುಕ್ರವಾರದವರು ಇಬ್ಬರಿದ್ದುದರಿಂದ ಒಬ್ಬಳು ದೊಡ್ಡ ಶುಕ್ರವಾರ, ಇನ್ನೊಬ್ಬಳು ಚಿಕ್ಕ ಶುಕ್ರವಾರ. ಸೋಮವಾರದವಳು ಒಬ್ಬಳೇ, ಚನ್ನರಾಯಪಟ್ಟಣದ ಬಾಗೂರಿನ ದೀಪಶ್ರೀ. ತೆಳ್ಳಗಿನ, ಚೆಂಡು ಬಂದಾಗ ಒಂದು ಕ್ಷಣ ಕ್ಷಮೆ ಕೇಳುವಂತೆ ನಿಲ್ಲುವ ಹುಡುಗಿ. ಅವಳನ್ನು ಮಿಕ್ಕವರು 'ಸ್ವಾಮಾರ' ಎಂದು ಕರೆದು ರೇಗಿಸುತ್ತಿದ್ದರು. ಮೇಘಶ್ರೀಯ ಜಾಗದಲ್ಲಿ ಆಡಬಲ್ಲ ಇನ್ನೊಬ್ಬಳು ಅವಳೇ ಆದುದರಿಂದ ಅವಳು ಯಾವಾಗಲೂ ಗೆರೆಯ ಹೊರಗೇ ಕುಳಿತಿರುತ್ತಿದ್ದಳು. ಇನ್ನು ಮೇಘಶ್ರೀ, ಅಜ್ಜಿಯನ್ನೇ ಮೈದಾನಕ್ಕೆ ಕರೆತಂದಿದ್ದಳು.

ಆ ಅಜ್ಜಿ, ಬೆಟ್ಟಮ್ಮ, ಅರಕಲಗೂಡಿನಿಂದ ಎರಡು ಬಸ್ಸು ಬದಲಿಸಿ ಬಂದಾಕೆ, ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ಸಂಕೋಚವೇ ಇಲ್ಲದೆ ಅವನ ಮುಂಗೈಯನ್ನು ಬೆರಳಿನಿಂದ ಒತ್ತಿ ನೋಡಿ, ಆಮೇಲೆ ನೆಲದ ಮೇಲೆ ಕುಳಿತಿದ್ದಳು. "ವಾರ ಕೇಳ್ತೀಯಾ ಮಗಾ? ಮಂಗ್ಳಾರ ಕಣಪ್ಪ. ಯುಗಾದಿ ದಿನ. ಒಬ್ಬಟ್ಟು ತಟ್ತಾ ಇದ್ಲು ಇವ್ಳವ್ವ, ನೋವು ಬಂದ್ಬುಡ್ತು. ಮಾರ್ನೇ ದಿನ ವರ್ಸತೊಡ್ಕು, ಇಡೀ ಊರು ಬಾಡು ಉಂಡ್ತು, ನಮ್ಮನೆಗೆ ಪುರುಡು ಅಂತ ಒಂದ್ ತುಂಡೂ ಇಲ್ಲ. ಈ ಮುಂಡೇದು ಉಟ್ಟಿದ್ದೇ ನನ್ ಪಾಲು ಕಳ್ಯಾಕೆ!" ಎಂದು ಮೊಮ್ಮಗಳ ಬೆನ್ನಿಗೆ ಗುದ್ದಿದ್ದಳು. ತನ್ನದೇ ವಾರ. ಕ್ವಾಬೆನಾನಿಗೆ ಆ ಕ್ಷಣ ಆದ ಹಿಗ್ಗು ಮನೆಯ ಯಾರನ್ನೋ ಪರದೇಶದ ಸಂತೆಯಲ್ಲಿ ಕಂಡಂತಹುದು. ಅಂದಿನಿಂದ ಅವಳೊಬ್ಬಳನ್ನು ಮಾತ್ರ ಅವನು ತನ್ನ ಭಾಷೆಯಲ್ಲೇ ಅಬೆನಾ ಎಂದು ಕರೆದ. ಜೂನ್ ಒಂದಕ್ಕೂ ಯುಗಾದಿಗೂ ಎರಡು ತಿಂಗಳ ಅಂತರವೆಂಬುದು ಹೊಳೆದಿತ್ತು. ಎರಡು ತಿಂಗಳು ಏನು ಮಹಾ ಎಂದೂ ಹೊಳೆದಿತ್ತು. ಬೆಟ್ಟಮ್ಮ ಅದಾದ ಮೇಲೂ ಮಾತಾಡುತ್ತಲೇ ಇದ್ದಳು. ಮಗಳು ಅಳಿಯ ಶುಂಠಿ ಹೊಲದ ಕೆಲಸಕ್ಕೆ ಘಟ್ಟದ ಆಚೆಗೆ ಹೋದುದು, ಕೂಸನ್ನೂ ಜೊತೆಗೆ ಒಯ್ದುದು, ತಿರುಗಿ ಬಂದು ಶಾಲೆಗೆ ಸೇರಿಸಿದಾಗ ಅದು 'ಮೇಷ್ಟ್ರ ಸೊಂಟದುದ್ದ' ಬೆಳೆದಿದ್ದುದು. ಒಂದನೆಯ ತರಗತಿಗೆ ಆರು ವರ್ಷವೆಂಬ ಲೆಕ್ಕದಲ್ಲಿ ಮೇಷ್ಟ್ರು ಬರೆದುಕೊಂಡಿದ್ದರು. ಯಾರೂ ಮೋಸ ಮಾಡಿರಲಿಲ್ಲ. ಆ ಶಾಲೆಯ ಮಕ್ಕಳೆಲ್ಲ ಒಂದೇ ದಿನ ಹುಟ್ಟಿದವರು, ಅಷ್ಟೆ.

ಮೂರು ದಿನದ ಹಿಂದೆ ಸಂಜೆ, ಕಾಫಿ ಕುಡಿಯುವಾಗ, ಬೇರೆ ಮಾತು ತೋಚದೆ, ಯುಗಾದಿ ಮಂಗಳವಾರ ಬಂದದ್ದು ಯಾವ ವರ್ಷ ಎಂದು ಅವನು ಮಾವನನ್ನು ಕೇಳಿದ್ದ. ಬೇರೆ ಮಾತು ತೋಚದೆ ಎಂಬುದು ಸುಳ್ಳು. ಎರಡು ವಾರದಿಂದ ಆ ಪ್ರಶ್ನೆ ಅವನ ನಾಲಿಗೆಯ ಹಿಂಬದಿಯಲ್ಲಿ ಕುಳಿತಿತ್ತು. ಮೇಘಶ್ರೀ ಓಡುವಾಗ ಅವಳ ಭುಜದ ಅಗಲವನ್ನು ಅವನ ಕಣ್ಣು ಅಳೆದಿತ್ತು, ಅಳೆದದ್ದನ್ನು ಬುದ್ಧಿ ಒಪ್ಪಿಕೊಂಡಿರಲಿಲ್ಲ. ನಿವೃತ್ತ ಸಂಸ್ಕೃತ ಪಂಡಿತರಾದ ಮಾವ ಸಂಪತ್ಕುಮಾರರು ನಲವತ್ತು ವರ್ಷದ ಪಂಚಾಂಗಗಳನ್ನು ಬಿಳಿ ಬಟ್ಟೆಯಲ್ಲಿ ಕಟ್ಟಿ ಇಟ್ಟವರು. ಹಳೆಯ ಪಂಚಾಂಗ ಕೆಲಸಕ್ಕೆ ಬಾರದೆಂಬುದನ್ನು ಅವರು ಒಪ್ಪುತ್ತಿರಲಿಲ್ಲ. ಕಳೆದ ದಿನಗಳಿಗೂ ತಿಥಿ, ವಾರ, ನಕ್ಷತ್ರಗಳು ಇದ್ದೇ ಇರುತ್ತವೆ, ಯಾರೂ ನೋಡದಿದ್ದ ಮಾತ್ರಕ್ಕೆ ಅವು ಅಳಿಯುವುದಿಲ್ಲ ಎನ್ನುತ್ತಿದ್ದರು. ಅವರು ಗಂಟು ಬಿಚ್ಚಿ, ಕನ್ನಡಕ ಒರೆಸಿಕೊಂಡು, ಪುಟ ತಿರುವಿದರು. "ನಂದನ ಸಂವತ್ಸರದಲ್ಲಿ ಯುಗಾದಿ ಶುಕ್ರವಾರ. ಖರದಲ್ಲಿ ಸೋಮವಾರ. ಮಂಗಳವಾರ ಬಿದ್ದದ್ದು ವಿಕೃತಿಯಲ್ಲಿ. ಎರಡು ಸಾವಿರದ ಹತ್ತು, ಮಾರ್ಚಿ ಹದಿನಾರು." ಮೇಘಶ್ರೀಯ ಕಾಗದದಲ್ಲಿದ್ದುದು ಎರಡು ಸಾವಿರದ ಹನ್ನೆರಡರ ಜೂನ್ ಒಂದು. ಅಂತರ ಎರಡು ತಿಂಗಳಲ್ಲ, ಎರಡು ವರ್ಷ ಮತ್ತು ಎರಡು ತಿಂಗಳು. ಲೋಟದ ಕಾಫಿಯ ಮೇಲೆ ಕೆನೆ ಕಟ್ಟುವುದನ್ನು ಕ್ವಾಬೆನಾ ನೋಡುತ್ತ ಕುಳಿತ. ಮುದುಕರು ಗಂಟನ್ನು ಮತ್ತೆ ಕಟ್ಟಲಿಲ್ಲ. ಇನ್ನೂ ಕೆಳಗಿನ, ಅಂಚು ಹುಡಿಯಾದ ಒಂದನ್ನು ಎಳೆದು, ತಲೆ ಎತ್ತದೆ, ಪಾಠ ಒಪ್ಪಿಸುವ ದನಿಯಲ್ಲಿ ಹೇಳಿದರು: "ನಿಮ್ಮ ಪಾಸ್‌ಪೋರ್ಟಿನ ತಾರೀಖು ಅಕ್ಟೋಬರ್ ಹದಿನಾಲ್ಕು, ಸಾವಿರದೊಂಬೈನೂರ ತೊಂಬತ್ತು. ಅಂದು ಭಾನುವಾರ. ನಿಮ್ಮ ಹೆಸರು ಮಂಗಳವಾರದ್ದು ಅಂತ ಮೊದಲ ದಿನವೇ ನೀವು ಹೇಳಿದ್ದಿರಿ. ಅದೇ ತಾರೀಖು ಮಂಗಳವಾರ ಬೀಳುವುದು ಅದಕ್ಕೆ ನಾಲ್ಕು ವರ್ಷ ಮುಂಚೆ. ಅಕ್ಷಯ ಸಂವತ್ಸರ, ಶತಭಿಷಾ ನಕ್ಷತ್ರ. ಸರಿಯೆ?"

ಕ್ವಾಬೆನಾ ಲೋಟವನ್ನು ಕೆಳಗಿಟ್ಟು ಸರಿ ಎಂದ. "ಯಾವಾಗ ಗೊತ್ತಾಯ್ತು?"

"ನಿಮ್ಮ ಮದುವೆಗೆ ಮುಂಚೆ."

"ಆರು ವರ್ಷ. ಯಾಕೆ ಕೇಳ್ಲಿಲ್ಲ ನೀವು?"

"ಕೇಳಿದ್ದರೆ ನೀವು ಇನ್ನೊಂದು ಸುಳ್ಳು ಹೇಳಬೇಕಾಗುತ್ತಿತ್ತು." ಅವರು ಹಾಳೆಯ ಹುಡಿಯನ್ನು ಅಂಗೈಯಿಂದ ಸರಿಸಿದರು. "ವರ್ಷಕ್ಕೊಮ್ಮೆ ಸ್ವಾಮಿಗೆ ನಿಮ್ಮ ಹೆಸರಲ್ಲಿ ಅರ್ಚನೆ ಮಾಡಿಸುತ್ತೇನಲ್ಲ, ಪಾಸ್‌ಪೋರ್ಟಿನ ಆ ಭಾನುವಾರದ ಮಘಾ ನಕ್ಷತ್ರ ಅಂತ ಹೇಳಿಸುತ್ತೇನೆ. ಸುಳ್ಳೆಂದು ತಿಳಿದೇ ಹೇಳಿಸುತ್ತೇನೆ. ಆ ನಕ್ಷತ್ರದಲ್ಲಿ ಹುಟ್ಟಿದ ಅಳಿಯ ನನಗಿಲ್ಲ. ಇಲ್ಲದವನಿಗೆ ಆಯುಸ್ಸು ಬೇಡುತ್ತ ಬಂದಿದ್ದೇನೆ." ಮಗಳ ಮದುವೆಗೆ ಒಪ್ಪಲು ಒಂದು ವರ್ಷ ಮೌನ ಹಿಡಿದಿದ್ದ, ಆಮೇಲೆ ತಾವೇ ಬಂದು ಧಾರೆ ಎರೆದಿದ್ದ ಆ ಮನುಷ್ಯ, ಅಂದು ಬೈದಿದ್ದರೆ ಎಷ್ಟೋ ಹಗುರವಾಗುತ್ತಿತ್ತು. ಗರ್ಭಗುಡಿಯ ಎದುರು ವರ್ಷಕ್ಕೊಮ್ಮೆ ತಡವರಿಸುವ ಆ ನಾಲಿಗೆಯನ್ನು ಕ್ವಾಬೆನಾ ಕಲ್ಪಿಸಿಕೊಂಡ. ತನ್ನ ಸುಳ್ಳು ತನ್ನೊಳಗೇ ಇದೆಯೆಂದು ತಿಳಿದಿದ್ದ. ಅದು ಆರು ವರ್ಷದಿಂದ ಇನ್ನೊಬ್ಬರ ಬಾಯಲ್ಲಿ ವಾಸವಾಗಿತ್ತು.

ಬಸ್ಸು ತೆಂಗಿನಕಾಯಿ ತುಂಬಿದ ಟ್ರ್ಯಾಕ್ಟರೊಂದರ ಹಿಂದೆ ಉಸಿರುಗಟ್ಟಿ ನಿಂತು, ಮತ್ತೆ ಹೊರಟಿತು. ಮಂಡಿ ನೋಯಿತು. ಹೆಂಡತಿ ಗೌತಮಿ, ಆಗ ಬೆಂಗಳೂರಿನಲ್ಲಿ ಫಿಸಿಯೋಥೆರಪಿಸ್ಟ್ ಆಗಿದ್ದವಳು, ಆ ಮಂಡಿಯನ್ನು ಮೊದಲ ಬಾರಿಗೆ ಎರಡೂ ಕೈಗಳಲ್ಲಿ ಹಿಡಿದು ಮಡಿಸಿ, "ಇಪ್ಪತ್ತೇಳು ವರ್ಷದವರ ಮೂಳೆ ಹೀಗೆ ಸದ್ದು ಮಾಡಲ್ಲ," ಎಂದು ನಕ್ಕಿದ್ದಳು. ಅವನಿಗಾಗ ಮೂವತ್ತೊಂದು. ಇಪ್ಪತ್ತೇಳಕ್ಕೇ ಆಟ ಮುಗಿಯಿತಲ್ಲ ಪಾಪ ಎಂದು ಕ್ಲಬ್ಬಿನವರು ಮರುಗುವಾಗ ಅವನು ತಲೆತಗ್ಗಿಸಿ ಆ ಮರುಕವನ್ನೂ ಕಳ್ಳಮಾಲಿನಂತೆ ಜೇಬಿಗೆ ಹಾಕಿಕೊಂಡಿದ್ದ. ಕುಮಾಸಿಯ ಏಜೆಂಟು ಮೇಜಿನ ಮೇಲೆ ಅರ್ಜಿಯನ್ನು ತಿರುಗಿಸಿಟ್ಟು, "ಎಂಬತ್ತಾರನ್ನು ಯಾರೂ ಕೊಳ್ಳುವುದಿಲ್ಲ, ತೊಂಬತ್ತು ಬರೆ," ಎಂದಿದ್ದ. ತಾರೀಖನ್ನು ಬದಲಿಸುವುದು ಆ ಮನುಷ್ಯನಿಗೆ ತೋಚಲಿಲ್ಲ, ಅಥವಾ ತನಗೇ ಹುಟ್ಟಿದ ದಿನವನ್ನಾದರೂ ಉಳಿಸಿಕೊಳ್ಳುವ ಆಸೆಯಿತ್ತು. ವರ್ಷ ಬದಲಾದರೆ ವಾರ ಜಾರುತ್ತದೆಂದು ಇಬ್ಬರಿಗೂ ನೆನಪಾಗಲಿಲ್ಲ. ತಾಯಿ ಆ ಪಾಸ್‌ಪೋರ್ಟನ್ನು ನೋಡಿದ್ದರೆ, ಓದು ಬಾರದ ಅವಳೂ ಬೆರಳೆಣಿಸಿ, ಇದು ನನ್ನ ಮಗನಲ್ಲ ಎನ್ನುತ್ತಿದ್ದಳು. ಅವಳಿಗೆ ಅವನು ತೋರಿಸಲಿಲ್ಲ.

ಕೋಲ್ಕತ್ತದ ಆಯ್ಕೆಗೆ ಹೋದವರು ಇಬ್ಬರು. ಒಂದೇ ಬೀದಿಯವರು. ಕೋಜೋನಿಗೆ ಕಾಗದದಲ್ಲಿಯೂ ಹದಿನೆಂಟು, ಮೈಯಲ್ಲಿಯೂ ಹದಿನೆಂಟು. ಕೆಸರಿನ ಮೈದಾನ, ಒಂದೇ ಸ್ಥಾನ. ಪಂದ್ಯದ ನಲವತ್ತನೆಯ ನಿಮಿಷದಲ್ಲಿ ಎತ್ತರದಿಂದ ಬಂದ ಚೆಂಡಿಗೆ ಇಬ್ಬರೂ ಹಾರಿದರು. ಇಪ್ಪತ್ತಮೂರರ ಭುಜ ಹದಿನೆಂಟರ ಎದೆಗೆ ತಾಗಿತು. ತಾಗಿತು ಎಂಬುದೂ ಸರಿಯಲ್ಲ, ತಾಗಿಸಿದ. ಕೆಸರಿನಿಂದೆದ್ದ ಕೋಜೋ ದೂರಲಿಲ್ಲ, ಮುಖ ಒರೆಸಿಕೊಂಡು ನಕ್ಕ, "ನೀನು ಯಾವಾಗ ಇಷ್ಟು ದೊಡ್ಡವನಾದೆ?" ಎಂದ. ಅವನಿಗೆ ತಿಳಿದಿತ್ತು, ಬೀದಿಗೆಲ್ಲ ತಿಳಿದಿತ್ತು. ಅವನು ಒಂದು ಮಾತು ಹೇಳಿದ್ದರೆ ಸ್ಥಾನ ಅವನದಾಗುತ್ತಿತ್ತು. ಹೇಳದೆ ವಿಮಾನ ಹತ್ತಿ ಹಿಂತಿರುಗಿದ. ಕೆಲವು ವರ್ಷ ಕ್ರಿಸ್‌ಮಸ್ಸಿಗೆ ಸಂದೇಶ ಬರುತ್ತಿತ್ತು. ಆಮೇಲೆ ಅದೂ ನಿಂತಿತು. ಈಗ ಬಸ್ಸಿನ ಕೊನೆಯ ಸಾಲಿನಲ್ಲಿ, ಚೀಲವನ್ನು ಮಡಿಲಲ್ಲಿಟ್ಟುಕೊಂಡು, ಯಾರೂ ತನ್ನನ್ನು ಮಾತಾಡಿಸದಿರಲೆಂಬಂತೆ ಕುಳಿತಿದ್ದ ದೀಪಶ್ರೀಯನ್ನು ಅವನು ತಿರುಗಿ ನೋಡಲಿಲ್ಲ. ನೋಡದೆಯೇ ಅವಳು ಹೇಗೆ ಕುಳಿತಿದ್ದಾಳೆಂಬುದು ಅವನಿಗೆ ಗೊತ್ತಿತ್ತು.

ಹಾಸನದಲ್ಲಿ ಇಳಿದಾಗ ಬಿಸಿಲು ಆಗಲೇ ಹರಿತವಾಗಿತ್ತು. ನಿಲ್ದಾಣದಲ್ಲಿ ಇಬ್ಬರು ಕಾಲೇಜು ಹುಡುಗರು ಅವನ ಎರಡೂ ಪಕ್ಕಕ್ಕೆ ನುಗ್ಗಿ ಸೆಲ್ಫಿ ತೆಗೆದುಕೊಂಡರು, ಕೇಳಲಿಲ್ಲ. ಹುಡುಗಿಯರು ಸಾಲಾಗಿ ಕ್ರೀಡಾಂಗಣದತ್ತ ನಡೆದರು. ನಡೆಯುತ್ತ ನಡೆಯುತ್ತ ಅವನೊಳಗೆ ಒಂದು ಪ್ರಶ್ನೆ ಹಿಂದೆ ಬಂದ ನಾಯಿಯಂತೆ ಬಿಡದೆ ಜೊತೆಗೂಡಿತ್ತು. ಮೇಘಶ್ರೀಯ ಹಾಳೆಯನ್ನು ತಾನು ಹೊರಗೆಳೆದರೆ ಅದು ನ್ಯಾಯವೋ, ಅಥವಾ ತನ್ನ ಹದಿನಾರು ವರ್ಷದ ಹಳೆಯ ಋಣವನ್ನು ಅವಳ ಕೈಯಿಂದ ತೀರಿಸುವ ಉಪಾಯವೋ? ತಾನು ಉಂಡದ್ದಕ್ಕೆ ಅವಳು ಉಪವಾಸ ಮಾಡಬೇಕೆ? ಪ್ರಾಯಶ್ಚಿತ್ತವನ್ನು ಪ್ರತಿನಿಧಿಯ ಮೂಲಕ ಮಾಡಿಸಲಾಗದೆಂದು ಮಾವ ಯಾವಾಗಲೋ ಯಾರಿಗೋ ಹೇಳುತ್ತಿದ್ದರು. ಅರ್ಧ ಕಿವಿಯಲ್ಲಿ ಕೇಳಿದ್ದ ಮಾತು. ಹಾಗೆಂದು ಸುಮ್ಮನಿದ್ದರೆ, ಗೆರೆಯ ಹೊರಗೆ ಕುಳಿತವಳು ಇಂದೂ ಅಲ್ಲೇ ಕೂರುತ್ತಾಳೆ, ಮತ್ತು ಅವಳೂ ದೂರುವವಳಲ್ಲ. ಕ್ರೀಡಾಂಗಣದ ಬಾಗಿಲು ಕಂಡಾಗ ಅವನ ನಡಿಗೆ ಬದಲಾಯಿತು. ಯಾವುದನ್ನು ಮೊದಲು ಮಾಡಬೇಕೆಂಬುದು ತಿಳಿದರೆ ಮಿಕ್ಕದ್ದು ತಿಳಿಯದಿದ್ದರೂ ನಡೆಯಬಹುದು.

"ಅಬೆನಾ, ಬಾ ಇಲ್ಲಿ."

ಮೇಘಶ್ರೀ ಮಳೆಮರದ ಕೆಳಗೆ ಬೂಟಿನ ದಾರ ಕಟ್ಟುತ್ತಿದ್ದಳು. "ಏನ್ ಸಾ?"

"ನಿನ್ನಜ್ಜಿ ಯೋಳಿದ್ರಲ್ಲ, ಮಂಗ್ಳಾರದ ಯುಗಾದಿ. ಅದು ಬಂದಿದ್ದು ಎರಡ್ಸಾವ್ರದ ಹತ್ತರಾಗೆ. ನಿಂಗೆ ಹದಿನೈದು."

ಅವಳು ದಾರವನ್ನು ಗಂಟುಹಾಕಿ ಮುಗಿಸಿದಳು. ಆಶ್ಚರ್ಯವೇನೂ ಅವಳ ಮುಖದಲ್ಲಿ ಕಾಣಲಿಲ್ಲ. "ನಂಗೊತ್ತು."

"ಗೊತ್ತಾ?"

"ನಾನೆಷ್ಟು ವರ್ಸದೋಳು ಅಂತ ನಂಗೊತ್ತಿರಾಕಿಲ್ವಾ ಸಾ? ಕಾರ್ಡ್‌ನಾಗೆ ಅಂಗೈತೆ, ಅಷ್ಟೇಯ. ಎಲ್ಲಾರ್ದೂ ಅಂಗೇ ಅಲ್ವಾ?"

"ನಂದೂ ಅಂಗೇಯ," ಎಂದ ಅವನು. "ನಾಕ್ ವರ್ಷ ಸುಳ್ಳು. ಅದ್ರಲ್ಲೇ ಆಡ್ದೆ. ಒಬ್ಬನ್ ಜಾಗ ಕಿತ್ಕಂಡು ಆಡ್ದೆ." ಹದಿನಾರು ವರ್ಷ ಯಾರಿಗೂ ಹೇಳದ ಮಾತು, ಮಳೆಮರದ ಕೆಳಗೆ, ಬೂಟು ಕಟ್ಟುತ್ತಿದ್ದ ಮಗುವೊಂದಕ್ಕೆ. ಹೇಳಿದ ಮೇಲೆ ಏನೋ ಆಗುತ್ತದೆಂದು ಕಾದ. ಏನೂ ಆಗಲಿಲ್ಲ.

ಮೇಘಶ್ರೀ ಎದ್ದು ನಿಂತಳು. ಅವನ ಎದೆಯ ಎತ್ತರಕ್ಕಿದ್ದಳು, ದನಿ ಮಾತ್ರ ಅವನ ಮುಖಕ್ಕೇ ಬಂತು. "ನೀವ್ ಆಡ್ಬುಟ್ರಿ. ಎಲ್ಲಾ ಆಡಿ ಮುಗುಸ್ಬುಟ್ಟು ಈಗ ನಿಜ ಯೋಳ್ತೀನಿ ಅಂತೀರಾ. ನಾನಿನ್ನೂ ಸುರು ಮಾಡಿಲ್ಲ ಸಾ. ನಿಮ್ ನಿಜಕ್ಕೆ ನನ್ನಾಟ ಯಾಕ್ ಬೇಕು?"

ಇದೇ ಪ್ರಶ್ನೆಯನ್ನು ಅವನು ನಿಲ್ದಾಣದಿಂದ ಹೊತ್ತು ತಂದಿದ್ದ. ಅವಳ ಬಾಯಲ್ಲಿ ಅದು ಅರ್ಧಕ್ಕೆ ಅರ್ಧ ಚಿಕ್ಕದಾಗಿ, ಎರಡು ಪಟ್ಟು ಹರಿತವಾಗಿ ಕೇಳಿಸಿತು. "ಮೊದ್ಲು ನಂದು ಬರೀತೀನಿ," ಎಂದ. "ನೀನ್ ಪಕ್ದಾಗೆ ನಿಂತ್ಕಂಡು ನೋಡು. ನಾನ್ ಬರೀದಿದ್ರೆ ನಿಂದೂ ತಗ್ಯಾಕಿಲ್ಲ."

ಪರಿಶೀಲನೆಯ ಮೇಜಿನ ಹಿಂದೆ ಜಿಲ್ಲಾ ಫುಟ್‌ಬಾಲ್ ಸಂಘಟನೆಯ ಕಾರ್ಯದರ್ಶಿ ಮೋಹನ್‌ಕುಮಾರ್ ಕುಳಿತಿದ್ದ. ಐದು ವರ್ಷದ ಹಿಂದೆ ಕ್ವಾಬೆನಾನಿಗೆ ಈ ಕೆಲಸ ಕೊಡಿಸಿದವನು, ಮಳೆಗಾಲದಲ್ಲಿ ತನ್ನ ಮನೆಯಲ್ಲಿ ಚೆಂಡುಗಳನ್ನು ಒಣಗಿಸಿಕೊಟ್ಟವನು. "ಬಾರೋ ಕಾಬಣ್ಣ, ನಿಮ್ದೇ ಲಾಸ್ಟು. ರುಜು ಆಕು, ಟೀ ಕುಡ್ಯಾಣ." ಕ್ವಾಬೆನಾ ಕಡತದ ತಳದಿಂದ ತನ್ನ ಹಾಳೆಯನ್ನು ತೆಗೆದ. ತರಬೇತುದಾರನ ಹೆಸರು. ಬರೆದ. ಹುಟ್ಟಿದ ದಿನಾಂಕ. ಹದಿನಾಲ್ಕು, ಹತ್ತು. ಲೇಖನಿ ಅಲ್ಲಿ ನಿಂತಿತು. ಇನ್ನು ಬರೆಯಬೇಕಾದ ಇಸವಿಯ ನಾಲ್ಕು ಅಂಕೆಗಳ ಮೇಲೆ ಅವನ ವಾಸದ ಪರವಾನಗಿ, ತರಬೇತಿಯ ಪ್ರಮಾಣಪತ್ರ, ಈ ನೆಲದಲ್ಲಿ ಅವನು ನಿಂತಿರುವ ಎರಡು ಪಾದಗಳ ಜಾಗ ಎಲ್ಲವೂ ನಿಂತಿದ್ದವು. ಪಕ್ಕದಲ್ಲಿ ಮೇಘಶ್ರೀಯ ಉಸಿರು ಕೇಳಿಸುತ್ತಿತ್ತು. ಮಾವ ಮಾಡುವ ಸಂಕಲ್ಪದಲ್ಲಿ ದೇಶ, ಕಾಲ, ವಾರ, ನಕ್ಷತ್ರಗಳನ್ನು ಹೇಳಿದ ಮೇಲೆಯೇ ಹೆಸರು ಹೇಳಿ ನೀರು ಬಿಡುವುದು. ಯಾವಾಗ ಹುಟ್ಟಿದೆನೆಂಬುದನ್ನು ಒಪ್ಪದವನ ಕೈಯ ನೀರು ಎಲ್ಲಿಗೂ ತಲಪುವುದಿಲ್ಲ. ಒಂದು ಸಾವಿರದ ಒಂಬೈನೂರ ಎಂಬತ್ತಾರು ಎಂದು ಬರೆದ. ಅಂಕೆಗಳ ಮುಂದೆ, ಯಾರೂ ಕೇಳದಿದ್ದರೂ, 'ಮಂಗಳವಾರ' ಎಂದೂ ಬರೆದ.

ಮೋಹನ್‌ಕುಮಾರ್ ಹಾಳೆಯನ್ನೂ ಕಂಪ್ಯೂಟರಿನ ಪರದೆಯನ್ನೂ ನೋಡಿದ. "ತೊಂಬತ್ತು ಐತೆ ಕಣೋ ಇಲ್ಲಿ. ತಪ್ ಬರ್ದಿದ್ದೀಯ."

"ಅಲ್ಲಿರೋದು ತಪ್ಪು."

"ಬಿಸ್ಲಿಗೆ ತಲೆ ಕೆಟ್ಟೈತಾ ನಿಂಗೆ?"

"ನಿಮ್ಮೂರಾಗೆ ಮೇಷ್ಟ್ರು ಎತ್ತಿದ್ರು. ನಂಗೆ ಏಜೆಂಟು ಎತ್ತಿದ್ದ. ನಮ್ಮವ್ವ ಎತ್ತಿದ್ದು ಇದು." ಹಾಗೆಂದು ಅವನು ಕಡತದಿಂದ ಮೇಘಶ್ರೀಯ ಹಾಳೆಯನ್ನೂ ಹೊರಗೆಳೆದು ಮೇಜಿನ ಮೇಲೆ ಮಗುಚಿಟ್ಟ. "ಈ ಮಗು ಇವತ್ತು ಆಡಲ್ಲ. ಹದಿನೇಳರ ತಂಡಕ್ಕೆ ಇವ್ಳ ಹೆಸ್ರು ಬರ್ಕಳಿ. ನಿಜವಾದ ತಾರೀಕಿನ ಮೇಲೆ. ಸರ್ಟಿಫಿಕೇಟ್ ತಿದ್ಸೋಕೆ ಕೋರ್ಟಿಗೆ ಓಗ್ಬೇಕಾದ್ರೆ ನಾನೇ ಓಗ್ತೀನಿ."

ಮೋಹನ್‌ಕುಮಾರ್ ಸುತ್ತ ನೋಡಿ ದನಿ ತಗ್ಗಿಸಿದ. "ಲೋ, ಇದುಕ್ಕೆ ರುಜು ಆಕುದ್ರೆ ನಾನ್ ಮೇಲಕ್ಕೆ ಕಳಿಸ್ಲೇಬೇಕು. ನಾಳೆ ನಿನ್ ಲೈಸೆನ್ಸೂ ಇಲ್ಲ, ಏನೂ ಇಲ್ಲ. ಇವತ್ತೇ ನೀನು ಗೆರೆ ಒಳಿಕ್ ಕಾಲಿಡಂಗಿಲ್ಲ. ಅರ್ದಾಕ್ತೀನಿ ಕಣೋ ಇದ್ನ, ಇನ್ನೊಂದ್ ಫಾರಂ ಕೊಡ್ತೀನಿ. ನಂಗೇನೂ ಕಾಣ್ನಿಲ್ಲ." ಅದು ಸ್ನೇಹದ ಮಾತು. ಕೋಜೋನ ಮೌನವೂ ಸ್ನೇಹವೇ ಆಗಿತ್ತು, ಮಾವನ ಮೌನವೂ. ಇಷ್ಟು ಜನರ ಸ್ನೇಹದ ಮೇಲೆ ನಿಂತ ಸುಳ್ಳು ಬೀಳಲು ಇಷ್ಟು ವರ್ಷ ಹಿಡಿದುದರಲ್ಲಿ ಆಶ್ಚರ್ಯವಿಲ್ಲವೆಂದು ಅವನಿಗನ್ನಿಸಿತು. ಹಾಳೆಯನ್ನು ತನ್ನ ಕಡೆಗೆ ಎಳೆದುಕೊಂಡು, 'ಸತ್ಯವಾಗಿವೆ' ಎಂಬ ಪದದ ಕೆಳಗೆ ರುಜು ಹಾಕಿದ. ಆ ಪದ ಗಂಟಲಿನಿಂದ ಇಳಿದುಹೋಯಿತು. ಮುಳ್ಳು ಇಳಿದ ಜಾಗದಲ್ಲಿ ಉರಿ ಮಾತ್ರ ಉಳಿಯಿತು. ತಿರುಗಿ ನೋಡಿದಾಗ ಮೇಘಶ್ರೀ ಅಲ್ಲಿರಲಿಲ್ಲ.

ಚೂಡಾಮಣಿ ಟೀಚರು ಏನೊಂದೂ ಅರ್ಥವಾಗದೆ ತಂಡವನ್ನು ಮೈದಾನಕ್ಕೆ ಕರೆದೊಯ್ದರು. ಏಳನೆಯ ಸಂಖ್ಯೆಯ ಅಂಗಿ ದೀಪಶ್ರೀಯ ಮೈಮೇಲೆ ಗಾಳಿ ತುಂಬಿದ ಚೀಲದಂತೆ ಅಲುಗಾಡುತ್ತಿತ್ತು. ಕ್ವಾಬೆನಾ ಮೆಟ್ಟಿಲುಗಳನ್ನು ಒಂದೊಂದಾಗಿ, ಮಂಡಿಯ ಅನುಮತಿ ಕೇಳುತ್ತ ಹತ್ತಿ ಹೋದ. ಮೇಲಿನ ಸಾಲಿನಲ್ಲಿ ಮೇಘಶ್ರೀ ಕುಳಿತಿದ್ದಳು, ಬೂಟುಗಳನ್ನು ಬಿಚ್ಚಿ ಪಕ್ಕದಲ್ಲಿಟ್ಟು. ಅವನು ನಡುವೆ ಇಬ್ಬರು ಕೂರುವಷ್ಟು ಜಾಗ ಬಿಟ್ಟು ಕುಳಿತ. ಅವಳು ಅವನನ್ನು ನೋಡಲಿಲ್ಲ. ಕ್ಷಮಿಸು ಎನ್ನಬೇಕೆನಿಸಿತು, ಅದನ್ನು ಕೇಳುವುದು ಮತ್ತೊಮ್ಮೆ ಅವಳಿಂದ ಏನನ್ನೋ ತೆಗೆದುಕೊಂಡಂತಾದೀತೆಂದು ಸುಮ್ಮನಾದ. ಸುಣ್ಣದ ಗೆರೆ ಬಿಸಿಲಿಗೆ ಬೆಳ್ಳಗೆ ಉರಿಯುತ್ತಿತ್ತು. ಬರುವ ಆಶ್ವಯುಜದಲ್ಲಿ ಮಾವ ಗರ್ಭಗುಡಿಯ ಎದುರು ನಿಂತು ಶತಭಿಷಾ ಎನ್ನಬಹುದು. ಅಷ್ಟು ಹೊತ್ತಿಗೆ ತಾನು ಈ ಊರಲ್ಲಿರುತ್ತೇನೋ ಇಲ್ಲವೋ, ಆ ನಕ್ಷತ್ರ ಇರುತ್ತದೆ. ನಾಳೆ ಬೆಳಗ್ಗೆ ಅರಕಲಗೂಡಿಗೆ ಹೋಗಬೇಕು, ಬೆಟ್ಟಮ್ಮನ ಎದುರು ಕೂರಬೇಕು, ವಕೀಲರೊಬ್ಬರನ್ನು ಹುಡುಕಬೇಕು. ಇಂದೇ ಗೌತಮಿಗೆ ಹೇಳಬೇಕು. ಕೆಲಸಗಳು ಒಂದರ ಹಿಂದೆ ಒಂದು ಸಾಲಾಗಿ ನಿಂತವು. ಅವನು ಅವುಗಳನ್ನು ಆಟಗಾರರಂತೆ ನೋಡಿದ, ಯಾವುದಕ್ಕೂ ಅಂಜಿಕೆ ಅನ್ನಿಸಲಿಲ್ಲ.

ಸೀಟಿ ಊದಿದರು. ಮೊದಲ ಹತ್ತು ನಿಮಿಷ ಎದುರಿನವರೇ ಆಡಿದರು. ಗೆರೆಯ ಬಳಿ ನಿಂತ ಚೂಡಾಮಣಿ ಟೀಚರು ಹುಡುಗಿಯರ ನಿಜವಾದ ಹೆಸರುಗಳನ್ನು ಕೂಗುತ್ತಿದ್ದರು, ಯಾರೂ ತಿರುಗುತ್ತಿರಲಿಲ್ಲ. ಇಲ್ಲಿಂದ ಕೂಗುವ ಅಧಿಕಾರ ಕ್ವಾಬೆನಾನಿಗೆ ಇರಲಿಲ್ಲ. ಅವನು ಅಂಗೈಗಳನ್ನು ತೊಡೆಯ ಕೆಳಗೆ ಒತ್ತಿಕೊಂಡು ಕುಳಿತ. ಚೆಂಡು ಉರುಳುತ್ತ ದೀಪಶ್ರೀಯ ಬಳಿಗೆ ಬಂತು. ಅವಳು ಎಂದಿನಂತೆ ಒಂದು ಕ್ಷಣ ಕ್ಷಮೆ ಕೇಳುವವಳಂತೆ ನಿಂತಳು. ಎದುರಿನ ದಪ್ಪ ಹುಡುಗಿಯೊಬ್ಬಳು ಭುಜ ಮುಂದುಮಾಡಿಕೊಂಡು ಅವಳತ್ತ ನುಗ್ಗಿ ಬರುತ್ತಿದ್ದಳು.

ಪಕ್ಕದಲ್ಲಿ ಏನೋ ಎದ್ದಿತು. ಮೇಘಶ್ರೀ ಬರಿಗಾಲಲ್ಲಿ ಕಾದ ಕಲ್ಲಿನ ಮೇಲೆ ನಿಂತು, ಕತ್ತಿನ ನರ ಉಬ್ಬುವಂತೆ, ಇಡೀ ಕ್ರೀಡಾಂಗಣಕ್ಕೆ ಕೇಳುವಂತೆ ಕಿರುಚಿದಳು:

"ಸ್ವಾಮಾರ! ನಿಂತ್ಕಬ್ಯಾಡ್ವೇ! ನಿಂದೇ ಕಣೇ ಚೆಂಡು, ಓಗು!"

ಮತ್ತು ಸೋಮವಾರ ಓಡಿದಳು.